ಗಯಾದಲ್ಲಿ ಬಿಟ್ಟ ಬ್ಲೂಬೆರಿ

ಪೆರು ದೇಶದ ಬ್ಲೂಬೆರಿ ವ್ಯಾಪಾರ ಪೂರಾ ನಿಂತಿರುವುದು ಸೇಡಂನ ನಮ್ಮ ಅತ್ಯಾನ ಮೇಲೆ. ನಗಬೇಡಿ! ಅಲ್ಲಿ ಬಂದರಿನಲ್ಲಿ ಹಡಗು ಎರಡು ದಿನ ತಡವಾದರೆ ಇಲ್ಲಿ ನಮ್ಮ ಸಾರಿಗೆ ಉಪ್ಪು ಬೀಳುವುದಿಲ್ಲ. ಯಾವ ತಿಂಗಳು ಕೊಯ್ಲು, ಯಾವ ದೇಶಕ್ಕೆ ಎಷ್ಟು ದಿನದ ಪ್ರಯಾಣ, ದಾರಿಯುದ್ದಕ್ಕೂ ಪೆಟ್ಟಿಗೆಯೊಳಗೆ ಎಷ್ಟು ಥಂಡಿ ಇರಬೇಕು, ಎಲ್ಲಾ ಆಕೆಗೆ ಬಾಯಿಪಾಠ. ಪೆರುವಿನ ಮಂತ್ರಿಗಳಿಗೆ ಏನಾದರೂ ಸಂಶಯ ಬಂದರೆ ನೇರ ನಮ್ಮ ಓಣಿಗೆ ಬರಬಹುದು. ಮಧ್ಯಾಹ್ನ ಒಂದರಿಂದ ಮೂರರ ತನಕ ಮಾತ್ರ ಬೇಡ, ಆಗ ಅತ್ಯಾ ಮಲಗಿರುತ್ತಾಳೆ.

ಇಷ್ಟೆಲ್ಲ ತಿಳಿದ ಈ ಮಹಾತಾಯಿ ಬ್ಲೂಬೆರಿಯನ್ನು ಒಂದು ಸಲವೂ ಬಾಯಿಗೆ ಹಾಕಿಕೊಂಡಿಲ್ಲ. ಮುಂದೆ ಹಾಕಿಕೊಳ್ಳುವಂತೆಯೂ ಇಲ್ಲ. ಯಾಕೆಂದರೆ ಆಕೆ ಅದನ್ನು ಬಿಟ್ಟುಬಿಟ್ಟಿದ್ದಾಳೆ. ತಿನ್ನುವುದಕ್ಕಿಂತ ಮೊದಲೇ!

ಅತ್ಯಾ ಅಂದರೆ ನಮ್ಮಪ್ಪನ ಅಕ್ಕ. ಭೂಗೋಳ ಕಲಿಸುತ್ತಿದ್ದವಳು. ಅವಳ ಯಜಮಾನರು, ಅಂದರೆ ನಮ್ಮ ಮಾಮಾ, ಕೋಡ್ಲಾ ಕಡೆಯ ಸಿಮೆಂಟ್ ಫ್ಯಾಕ್ಟರಿಯ ಆಫೀಸಿನಲ್ಲಿದ್ದವರು. ಇಬ್ಬರೂ ಈಗ ರಿಟೈರ್. ಅವರ ಮನೆ ನಮ್ಮ ಹಿಂದಿನ ಓಣಿಯಲ್ಲೇ ಇರುವುದರಿಂದ ನಾನು ಮಲಗುವುದು ನಮ್ಮ ಮನೆಯಲ್ಲಿ, ತಿನ್ನುವುದು ಅವರ ಮನೆಯಲ್ಲಿ.

ನಮ್ಮಲ್ಲಿ ಕಾಶಿ, ಗಯಾ ಮಾಡಿದವರು ಅಲ್ಲಿ ಒಂದು ಹಣ್ಣು, ಒಂದು ಕಾಯಿಪಲ್ಲೆ ಬಿಟ್ಟು ಬರಬೇಕು. ಬಿಟ್ಟು ಬರುವುದು ಅಂದರೆ ಛತ್ರದಲ್ಲಿ ಚೀಲ ಮರೆತು ಬಂದ ಹಾಗಲ್ಲ. ಸಾಯುವ ತನಕ ಇದನ್ನು ತಿನ್ನುವುದಿಲ್ಲ ಅಂತ ಗಯಾದ ಆಲದ ಮರದ ಕೆಳಗೆ ದೇವರಿಗೆ ಮಾತು ಕೊಡುವುದು. ಪ್ರೀತಿಯದನ್ನೇ ಬಿಡಬೇಕು ಅನ್ನುವುದು ಪದ್ಧತಿ. ಆದರೆ ನಮ್ಮ ಜನ ಕಡಿಮೆಯೇ? ಯಾತ್ರೆ ಮಾಡಿ ಬಂದವರನ್ನೆಲ್ಲ ಕೇಳಿ ನೋಡಿ, ಅರ್ಧ ಊರು ಹಾಗಲಕಾಯಿ ಬಿಟ್ಟಿದೆ!

ನಾನು ಎರಡನೇ ಕ್ಲಾಸಿನಲ್ಲಿದ್ದಾಗ ಅತ್ಯಾ, ಮಾಮಾ ಇಬ್ಬರೂ ಯಾತ್ರೆಗೆ ಹೋದರು. ಕಾಯಿಪಲ್ಲೆಯ ವಿಷಯದಲ್ಲಿ ಗಂಡ ಹೆಂಡತಿಗೆ ಜಗಳವಿರಲಿಲ್ಲ, ಇಬ್ಬರದೂ ಹಾಗಲಕಾಯಿ. ಹಣ್ಣಿನ ಸರದಿ ಬಂದಾಗ ಅಲ್ಲಿಯ ಪುರೋಹಿತ ಪಂಡಾ ಮಾಮಾನ ಕಡೆ ತಿರುಗಿ "ಫಲ್ ಬೋಲೋ, ಜಲ್ದಿ ಬೋಲೋ!" ಅಂತ ಗದರಿಸಿದನಂತೆ. ಜೀವಮಾನವೆಲ್ಲ ಮೇಲಧಿಕಾರಿಗೆ ಹೆದರಿದ ಮಾಮಾ ಗಾಬರಿಯಲ್ಲಿ ಮನಸ್ಸಿನಲ್ಲಿದ್ದದ್ದನ್ನೇ ಹೇಳಿಬಿಟ್ಟರು.

"ಆಮ್!"

ಹೋಯಿತು. ಮಾವಿನಹಣ್ಣು ಹೋಯಿತು! ಬೇಸಿಗೆ ಬಂತೆಂದರೆ ಊಟಕ್ಕೆ ಸೀಕರಣೆ, ಸಂಜೆಗೆ ಸೀಕರಣೆ ಅನ್ನುತ್ತಿದ್ದ ಮನುಷ್ಯ!

ಅತ್ಯಾನ ಸರದಿ ಬಂತು. ಆಕೆ ಸೆರಗು ಸರಿಮಾಡಿಕೊಂಡು, ಹಾಜರಿ ಕೂಗಿದಷ್ಟು ನಿಧಾನವಾಗಿ ಹೇಳಿದಳು: "ಬ್ಲೂಬೆರಿ."

"ಯೇ ಕೌನ್ಸಾ ಫಲ್ ಹೈ, ಮಾತಾಜಿ?"

"ಪೆರು ದೇಶ್ ಮೇ ಹೋತಾ ಹೈ, ಮಹಾರಾಜ್. ಮೈ ಭೂಗೋಲ್ ಪಢಾತೀ ಹೂಂ."

ಭೂಗೋಳದ ಟೀಚರ್ ಜೊತೆ ಯಾವ ಪಂಡಾ ವಾದ ಮಾಡುತ್ತಾನೆ? ಮಂತ್ರ ಹೇಳಿ ನೀರು ಬಿಡಿಸಿದ. ಆ ವರ್ಷದ ಬೇಸಿಗೆಯಲ್ಲಿ ಅತ್ಯಾ ಮಾಮಾನ ಎದುರಿಗೇ ಕೂತು, ಮೊಣಕೈ ತನಕ ರಸ ಇಳಿಸಿಕೊಂಡು ಮಾವಿನಹಣ್ಣು ತಿಂದಳು.

"ಏನ್ರೀ, ಈ ಸಲದ ಹಣ್ಣು ಭಾಳ ಸೀ ಅವ. ನೀವು ಬೇಕಾದ್ರ ವಾಸನಿ ನೋಡ್ರಿ. ವಾಸನಿಗೆ ದೋಷ ಇಲ್ಲ."

ಮಾಮಾ ಎದ್ದು ಹೋಗಿ ಅಂಗಳದ ತುಳಸಿಗೆ ನೀರು ಹಾಕಿದರು. ಆ ದಿನ ಅದು ನಾಲ್ಕನೆಯ ಸಲ!

ಇಲ್ಲಿಗೇ ಮುಗಿದಿದ್ದರೆ ಅತ್ಯಾ ಬರೀ ಜಾಣೆ ಅನ್ನಿಸಿಕೊಳ್ಳುತ್ತಿದ್ದಳು. ಆದರೆ ರಿಟೈರ್ ಆದ ಮೇಲೆ ಆಕೆಗೆ ಒಂದು ಹುಳ ಹೊಕ್ಕಿತು. ತಾನು ಬಿಟ್ಟದ್ದು ಏನನ್ನು?

"ಬಿಟ್ಟಿದ್ದು ಹೆಂಗಿರ್ತದಂತ ಗೊತ್ತಿರಬೇಕಿಲ್ಲೇನು? ನಾಳೆ ಯಾರರೆ ಕೈಯಾಗ ಕೊಟ್ರ ಗುರ್ತ ಹಿಡೀಬೇಕಲ್ಲ! ಏ ಹುಡುಗಿ, ಫೋನಿನಾಗ ತೋರ್ಸು ನೋಡೋಣ."

ನಾನು ತೋರಿಸಿದೆ. ನನ್ನದೇ ತಪ್ಪು, ಒಪ್ಪಿಕೊಳ್ಳುತ್ತೇನೆ. ಮಂಜು ಮೆತ್ತಿದ ಹಾಗಿರುವ ನೀಲಿ ಹಣ್ಣು, ತಲೆಯ ಮೇಲೆ ಪುಟ್ಟ ಕಿರೀಟ. ಅತ್ಯಾ ಕನ್ನಡಕ ಹಣೆಗೇರಿಸಿ, ಮತ್ತೆ ಇಳಿಸಿ, ಬಹಳ ಹೊತ್ತು ನೋಡಿದಳು. ಮಾತಾಡಲಿಲ್ಲ. ಅತ್ಯಾ ಮಾತಾಡದಿದ್ದರೆ ಅಪಾಯ ಅಂತ ಆಗಲೇ ನನಗೆ ತಿಳಿಯಬೇಕಿತ್ತು.

ಮುಂದಿನ ವಾರ ಪಡಸಾಲೆಯ ಗೋಡೆಗೆ ಪ್ರಪಂಚದ ನಕಾಶೆ ಬಂತು. ಹಣ್ಣು ಕಳಿಸುವ ದೇಶಗಳಿಗೆ ಕುಂಕುಮದ ಚುಕ್ಕೆ, ತರಿಸಿಕೊಳ್ಳುವ ದೇಶಗಳಿಗೆ ಅರಿಶಿನದ ಚುಕ್ಕೆ. ಪೆರುವಿಗೆ ಎಷ್ಟು ಕುಂಕುಮ ಬಿದ್ದಿತ್ತೆಂದರೆ ಅದು ಹೊಸ ಮದುಮಗಳ ಹಾಗೆ ಕಾಣುತ್ತಿತ್ತು. ಬೆಳಗಿನ ಕಾಫಿಯ ಜೊತೆ ನಮಗೆ ಪಾಠ. ಮಳೆಯೇ ಬಾರದ ಮರಳುಗಾಡಿನಲ್ಲಿ ಪೈಪಿನಿಂದ ಹನಿ ಹನಿ ನೀರು ಬಿಟ್ಟು, ಕೆಲವೇ ವರ್ಷಗಳಲ್ಲಿ ಎಲ್ಲರಿಗಿಂತ ಮುಂದೆ ಹೋದರಂತೆ ಪೆರುವಿನವರು. ಮಿಕ್ಕವರ ಹಣ್ಣು ಮುಗಿದ ತಿಂಗಳಲ್ಲೇ ಇವರದು ಹಣ್ಣಾಗುತ್ತದಂತೆ.

"ಹಾಲೆಂಡಿಗೆ ಕುಂಕುಮಾನೂ ಅದ, ಅರಿಶಿಣಾನೂ ಅದಲ್ಲ ಅತ್ಯಾ? ಅವರು ಎರಡೂ ಮಾಡ್ತಾರೇನು?"

"ಅದು ನಮ್ಮ ವಾಡಿ ಜಂಕ್ಷನ್ ಇದ್ದಂಗ. ವಾಡಿಯೊಳಗ ಇಳದು ವಾಡಿಯೊಳಗೇ ಇರವರು ಎಷ್ಟು ಮಂದಿ? ಗಾಡಿ ಬದಲಿ ಮಾಡ್ಕೊಂಡು ಮುಂದ ಹೋಗ್ತಾರ. ಹಣ್ಣೂ ಹಂಗೇ, ಹಾಲೆಂಡಿನಾಗ ಇಳದು ಯುರೋಪ ತುಂಬಾ ಹೋಗ್ತಾವ."

ಅಂತರರಾಷ್ಟ್ರೀಯ ವ್ಯಾಪಾರವನ್ನು ಇದಕ್ಕಿಂತ ಚೆನ್ನಾಗಿ ಯಾವ ಪ್ರೊಫೆಸರ್ ಹೇಳಿಯಾನು? ಪರೀಕ್ಷೆಯಲ್ಲಿ ನಾನೂ ಹೀಗೇ ಬರೆದೆ. ಮಾರ್ಕ್ಸ್ ಕೊಡಲಿಲ್ಲ, ಆ ಮಾತು ಬೇರೆ.

ಒಂದು ವರ್ಷ ಪೆರುವಿನ ಸಮುದ್ರ ಬಿಸಿಯಾಗಿ, ಹವಾ ಕೆಟ್ಟು, ಬೆಳೆ ಕೈಕೊಟ್ಟಿತು. ಅತ್ಯಾ ದೇವರ ಮುಂದೆ ಎರಡು ತುಪ್ಪದ ದೀಪ ಹಚ್ಚಿದಳು. ಮಾಮಾ ನನ್ನ ಕಿವಿಯಲ್ಲಿ, "ನನಗ ಟೈಫಾಯಿಡ್ ಆದಾಗ ಒಂದೇ ದೀಪ ಇತ್ತು, ಅದೂ ಎಳ್ಳೆಣ್ಣಿದು" ಅಂದರು.

ಸಂತೆಗೆ ಅತ್ಯಾನ ಜೊತೆ ಹೋಗುವುದು ಇನ್ನೊಂದು ಶಿಕ್ಷೆ. ಒಂದು ಸಲ ಬಾರಿಹಣ್ಣು, ಅದೇ ಎಲಚಿಹಣ್ಣು, ಮಾರುವ ಅಜ್ಜಿಯ ಬುಟ್ಟಿಯ ಎದುರು ನಿಂತು, "ನೋಡವಾ, ಹಿಂಗ ಬಿಸಲಾಗ ಇಡಬಾರ್ದು. ಕೊಯ್ದ ಕೂಡ್ಲೇ ಥಂಡಿ ಕ್ವಾಣಿಗೆ ಹೋಗಬೇಕು. ಪೆರುದಾಗ…" ಅಂತ ಶುರು ಮಾಡಿದಳು. ಹಿಂದೆ ಹತ್ತು ಜನ ಗಿರಾಕಿ.

ಅಜ್ಜಿ ತಲೆ ಎತ್ತಿದಳು. "ಅಕ್ಕೋರೆ, ನಾ ನಿಮ್ಮ ಸಾಲಿಗೆ ಬಂದಿದ್ರ ಪಾಠ ಕೇಳ್ತಿದ್ದೆ. ನೀವು ನನ್ನ ಬುಟ್ಟಿಗೆ ಬಂದೀರಿ. ಹಣ್ಣು ತಗೋರಿ, ಇಲ್ಲ ಸರಕೊಂಡು ನಿಂದರ್ರಿ!"

ಅತ್ಯಾ ಸರಿದು ನಿಂತಳು. ಜೀವನದಲ್ಲಿ ಮೊದಲನೆಯ ಸಲ.

ಚಿತಾಪುರದ ಮದುವೆಯಂತೂ ಮರೆಯಲಾರೆ. ಊಟದ ಕೊನೆಗೆ ಐಸ್‌ಕ್ರೀಂ ಹಂಚುವವನು "ಬ್ಲೂಬೆರಿ, ಬ್ಲೂಬೆರಿ" ಅನ್ನುತ್ತ ಬಂದ. ಅತ್ಯಾ ಎಂಜಲು ಕೈಯಲ್ಲೇ ಎದ್ದು ನಿಂತಳು. ಇಡೀ ಪಂಕ್ತಿ ಅವಳನ್ನೇ ನೋಡಿತು.

"ಏನಪಾ, ಇದರಾಗ ಹಣ್ಣದೇನು?"

"ಹಣ್ಣೆಲ್ಲಿಂದ ಬರ್ತದ್ರಿ ಅಮ್ಮಾ! ಬರೇ ಬಣ್ಣ, ವಾಸನಿ. ದೇವರಾಣಿ, ಹಣ್ಣು ಒಂದೂ ಇಲ್ರಿ!"

"ಹಂಗಿದ್ರ ಎರಡು ಹಾಕು."

ಒಂದು ಚಮಚ ಬಾಯಿಗಿಟ್ಟ ಮೇಲೆ ಆಕೆಯ ಮುಖ ನೋಡಬೇಕಿತ್ತು. "ಕೆಮ್ಮಿನ ಔಷಧ!" ಅಂದು ಎರಡನ್ನೂ ನನ್ನ ಎಲೆಗೆ ಸರಿಸಿದಳು. ಮನೆಗೆ ಬರುವ ದಾರಿಯಲ್ಲಿ ಬಸ್ಸಿನ ಕಿಟಕಿಗೆ ತಲೆ ಆನಿಸಿಕೊಂಡು, "ಖರೇ ಹಣ್ಣು ಹಿಂಗಿರಲಿಕ್ಕಿಲ್ಲ, ಹೌದಿಲ್ಲೋ?" ಅಂತ ಕೇಳಿದಳು. ನಾನು ನಗುವುದರಲ್ಲಿ ಮಗ್ನಳಾಗಿದ್ದೆ.

ಈಗ ನನ್ನ ಕಿಡಿಗೇಡಿತನಕ್ಕೆ ಬರುತ್ತೇನೆ. ಹೋದ ಡಿಸೆಂಬರಿನಲ್ಲಿ ಕಾಲೇಜಿನ ಕ್ವಿಜ್‌ಗೆ ಅಂತ ಹೈದರಾಬಾದಿಗೆ ಹೋಗುವುದಿತ್ತು. ಹೊರಡುವ ಮೊದಲು ಮಾಮಾನ ಜೊತೆ ಪಂಥ ಕಟ್ಟಿದೆ: ನಿಜವಾದ ಬ್ಲೂಬೆರಿ ಕಣ್ಣೆದುರು ಬಂದರೆ ಅತ್ಯಾ ತಿಂದೇ ತಿನ್ನುತ್ತಾಳೆ. ತಿಂದರೆ ನನಗೆ ಒಂದು ವಾರ ಮಿರ್ಚಿ ಭಜಿ.

"ಆಕಿ ಕೊಟ್ಟ ಮಾತು ಮುರದ್ರ," ಅಂದರು ಮಾಮಾ, ಅವರ ಕಣ್ಣು ಎಲ್ಲೋ ದೂರ ಹೋಗಿತ್ತು, "ನಾನೂ ಮುರೀತೀನಿ. ಮೇ ತಿಂಗಳ ಬರ್ಲಿ!" ಹತ್ತು ವರ್ಷದ ಸೀಕರಣೆ ಅವರ ಗಂಟಲಲ್ಲಿ ಗುಳುಕ್ ಅಂದಿತು.

ಕ್ವಿಜ್‌ನಲ್ಲಿ ನಮ್ಮ ತಂಡ ಗೆದ್ದೇಬಿಡುತ್ತಿತ್ತು, ಪ್ರಶ್ನೆಗಳು ಸ್ವಲ್ಪ ಬೇರೆ ಇದ್ದಿದ್ದರೆ. ಅಲ್ಲಿನ ಒಂದು ದೊಡ್ಡ ಅಂಗಡಿಯಲ್ಲಿ ಪುಟ್ಟ ಪ್ಲಾಸ್ಟಿಕ್ ಡಬ್ಬಿ ಸಿಕ್ಕಿತು. ಮೇಲೆ ಪೆರು ಅಂತ ಅಚ್ಚಾಗಿತ್ತು! ಊಟದ ಡಬ್ಬಿಯಲ್ಲಿ ಐಸ್ ತುಂಬಿ, ನಡುವೆ ಅದನ್ನಿಟ್ಟು, ಮಗುವಿನಂತೆ ತೊಡೆಯ ಮೇಲೆ ಕೂರಿಸಿಕೊಂಡು ಗಾಡಿ ಹತ್ತಿದೆ. ತಾಂಡೂರು ದಾಟುವಷ್ಟರಲ್ಲಿ ಐಸ್ ಕರಗಿ ನನ್ನ ಚೂಡಿದಾರ ಒದ್ದೆ. ಎದುರು ಕೂತ ಹೆಂಗಸು ನನ್ನನ್ನು ನೋಡಿದ ನೋಟ ಬರೆಯುವಂಥದ್ದಲ್ಲ.

ಅತ್ಯಾ ದೇವರ ಮನೆಯಿಂದ ಈಚೆ ಬರುವಾಗ ಡಬ್ಬಿಯನ್ನು ಆಕೆಯ ಕೈಗಿಟ್ಟೆ. ನನ್ನ ಫೋನಿನ ಕ್ಯಾಮೆರಾ ತಂಬಿಗೆಯ ಹಿಂದೆ ತಯಾರಾಗಿ ನಿಂತಿತ್ತು.

ಆಕೆ ಹಣ್ಣು ನೋಡಲಿಲ್ಲ. ಮೊದಲು ಡಬ್ಬಿಯ ಮೇಲಿನ ಅಕ್ಷರ ಓದಿದಳು, ಪಾಠ ಓದುವ ಹಾಗೆ ಬೆರಳಿಟ್ಟು. ಆಮೇಲೆ ಮುಚ್ಚಳ ತೆಗೆದು, ಒಂದು ಹಣ್ಣು ಅಂಗೈಯಲ್ಲಿಟ್ಟುಕೊಂಡಳು. ಹೆಬ್ಬೆರಳಿನಿಂದ ಆ ಬಿಳೀ ಮಂಜನ್ನು ಮೆಲ್ಲಗೆ ಒರೆಸಿದಳು.

"ಎಷ್ಟು ದೂರದಿಂದ ಬಂದದ, ನೋಡು," ಅಂದಳು. ದನಿ ಬೇರೆಯೇ ಆಗಿತ್ತು.

ಮಾಮಾ ತಡೆಯಲಾರದೆ ಹೇಳಿದರು: "ದೇವ್ರಿಗೆ ನೈವೇದ್ಯ ಮಾಡಿಬಿಡು. ಪ್ರಸಾದಾದ್ರ ತಿನ್ನಲಿಕ್ಕೆ ಅಡ್ಡಿ ಇಲ್ಲ."

"ಈ ಉಪಾಯ ಗೊತ್ತಿದ್ದೂ ನೀವು ಹತ್ತು ವರ್ಷ ಮಾವಿನಹಣ್ಣು ಯಾಕ ತಿನ್ಲಿಲ್ಲ?"

ಮಾಮಾ ತುಳಸಿ ಕಡೆ ನೋಡಿದರು.

"ಹೌದಿಲ್ಲೋ?" ಅಂದಳು ಅತ್ಯಾ. "ನೀವು ಜೀವದ ಹಣ್ಣು ಬಿಟ್ರಿ. ನಾ ದೇವ್ರಿಗೆ ಟೋಪಿ ಹಾಕಿದೆ. ಅವಾ ಸುಮ್ಮ ಕೂತು ನೋಡ್ದ. ನಾ ಬಿಟ್ಟಿದ್ದರ ಮ್ಯಾಲೇ ನನಗ ಆಸಿ ಹುಟ್ಟಿಸ್ದ. ಈಗ ನನ್ನ ಅಂಗೈಯಾಗ ತಂದಿಟ್ಟಾನ. ಎರಡನೇ ಸಲ ಟೋಪಿ ಹಾಕ್ಲೇನು?"

ನಾನು ತಂಬಿಗೆಯ ಹಿಂದಿನ ಫೋನನ್ನು ಸದ್ದಿಲ್ಲದೆ ತೆಗೆದುಬಿಟ್ಟೆ.

ಅತ್ಯಾ ಆ ಹಣ್ಣನ್ನು ನನ್ನ ಬಾಯಿಗೆ ಹಾಕಿದಳು. "ನೀ ತಿನ್ನು. ತಿಂದು ಹೆಂಗದಂತ ಹೇಳು. ಕೇಳೋದಕ್ಕ ದೋಷ ಇಲ್ಲ."

ನಿಮಗೆ ನಿಜ ಹೇಳುತ್ತೇನೆ. ಅದರಲ್ಲಿ ಏನೂ ಇರಲಿಲ್ಲ! ತೆಳ್ಳಗೆ ಸಿಹಿ, ಹಿಂದೆಯೇ ಒಂದಿಷ್ಟು ಹುಳಿ, ಮುಗಿಯಿತು. ಇರುವೆಯನ್ನು ಆನೆ ಮಾಡಿ ಹೇಳುವುದೇ ನನ್ನ ಕಸುಬು. ಆದರೆ ಆವತ್ತು ನಾಲಿಗೆ ಏಳಲಿಲ್ಲ. ಅಮೃತ ಅಂದರೆ ಆಕೆ ಇನ್ನಷ್ಟು ಹಂಬಲಿಸುತ್ತಾಳೆ. ಸಪ್ಪೆ ಅಂದರೆ ಇಷ್ಟು ವರ್ಷದ ನಕಾಶೆ, ಕುಂಕುಮ, ತುಪ್ಪದ ದೀಪ, ಎಲ್ಲ ಸಪ್ಪೆ. ಆಕೆ ನನ್ನ ಬಾಯಿಯನ್ನೇ ನೋಡುತ್ತ ನಿಂತಿದ್ದಳು.

"ಅತ್ಯಾ," ಅಂದೆ, "ಥೇಟ್ ನಮ್ಮ ಕವಳಿ ಹಣ್ಣಿದ್ದಂಗ ಅದ. ಚಿಂಚೋಳಿ ಗುಡ್ಡದಾಗ ಪೂರಾ ಕರ್ರಗಾಗಿ ಹಣ್ಣಾಗಿರ್ತದಲ್ಲ, ಹಂಗೇ. ಕೂದಲೆಳಿ ಫರಕ ಇಲ್ಲ."

"ಕವಳಿ ಹಣ್ಣು? ಮುಳ್ಳಕಂಟ್ಯಾಗಿಂದು?"

"ಅದೇ."

ಅತ್ಯಾ ಡಬ್ಬಿ ಮುಚ್ಚಿ, ಉಳಿದ ಹಣ್ಣನ್ನು ಓಣಿಯ ಹುಡುಗರಿಗೆ ಹಂಚಿದಳು. ಹೊಸ ವರ್ಷದ ಕ್ಯಾಲೆಂಡರಿನಲ್ಲಿ, ಕವಳಿ ಹಣ್ಣಾಗುವ ಮೇ ತಿಂಗಳಿಗೆ ಒಂದು ಗೀಟು ಹಾಕಿದಳು. ಪಂಥದಲ್ಲಿ ನಾನು ಸೋತೆ. ಆದರೂ ಮಾಮಾ ಸಂಜೆ ಮಿರ್ಚಿ ಭಜಿ ತಂದರು, ಯಾಕೆಂದು ಹೇಳಲಿಲ್ಲ.

ಮೇ ಕೊನೆಗೆ ನಾವು ಮೂವರೂ ಬಸ್ಸು ಹತ್ತಿ ಚಿಂಚೋಳಿಗೆ, ಅಲ್ಲಿಂದ ಆಟೋದಲ್ಲಿ ಚಂದ್ರಂಪಳ್ಳಿಗೆ ಹೋದೆವು. ಕೆರೆಯ ದಾರಿಯಲ್ಲಿ ಹೆಣ್ಣುಮಕ್ಕಳು ಮುತ್ತಲದ ಎಲೆಯಲ್ಲಿ ಕವಳಿ ಹಣ್ಣು ಇಟ್ಟುಕೊಂಡು ಕೂತಿದ್ದರು. ಅತ್ಯಾ ಈ ಸಲ ಥಂಡಿ ಕೋಣೆಯ ಪಾಠ ಮಾಡಲಿಲ್ಲ. ಕಟ್ಟೆಯ ಮೇಲೆ ಕೂತು, ಎಲ್ಲಕ್ಕಿಂತ ಕಪ್ಪಗಿದ್ದ ಒಂದು ಹಣ್ಣು ಆರಿಸಿ, ಕಣ್ಣು ಮುಚ್ಚಿ ಬಾಯಿಗಿಟ್ಟುಕೊಂಡಳು. ಬಹಳ ಹೊತ್ತು ಅಗಿದಳು. ಹುಳಿಗೆ ಒಂದು ಕಣ್ಣು ಕಿರಿದಾಯಿತು, ತುಟಿಗೆ ಹಾಲು ಅಂಟಿತು, ಗಲ್ಲದ ತನಕ ಕೆಂಪು ರಸ ಇಳಿಯಿತು.

"ಹಿಂಗೇ ಇತ್ತೇನು?"

"ಹಿಂಗೇ ಇತ್ತು, ಅತ್ಯಾ."

ಆಕೆ ಎಲೆಯಲ್ಲಿದ್ದದ್ದನ್ನೆಲ್ಲ ಒಂದೊಂದಾಗಿ ತಿಂದು ಮುಗಿಸಿದಳು. ಆಮೇಲೆ ಸೆರಗಿನ ತುದಿಯಿಂದ ಬಾಯಿ ಒರೆಸಿಕೊಂಡು, ನನ್ನ ಕಡೆ ತಿರುಗಿ, ಹೋಂವರ್ಕ್ ಮಾಡಿಲ್ಲದ ಹುಡುಗಿಯನ್ನು ನೋಡುವ ಹಾಗೆ ನೋಡಿದಳು.

"ನೀ ಹೇಳಿದ್ದು ಖರೇ ಇದ್ರ ಆ ಪೆರುದವರು ಪುಣ್ಯವಂತ್ರು," ಅಂದಳು. "ಸುಳ್ಳಿದ್ರ, ನಾನು."