ಎದುರು ಪಾರ್ಟಿಯ ಆಯಸ್ಸು

ಲೋಕದಲ್ಲಿ ಎಲ್ಲರೂ ಶತ್ರು ನೆಗೆದುಬಿದ್ದು ಹೋಗಲಿ ಎಂದು ಬೇಡಿಕೊಂಡರೆ, ಶತ್ರುವಿಗೆ ಆಯಸ್ಸು ಕೊಡಪ್ಪಾ ಎಂದು ನಂಜನಗೂಡಿಗೆ ಹೋಗಿ ಹರಕೆ ಹೊತ್ತ ಏಕೈಕ ಮಹಾನುಭಾವರು ನಮ್ಮ ಸೋದರಮಾವ! ಪ್ರೀತಿಯಿಂದ ಅಂದುಕೊಂಡಿರಾ? ಛೆ ಛೆ, ಪ್ರೀತಿ ಎಲ್ಲಿಂದ ಬಂತು! ಎಲ್ಲಾ ಸಿವಿಲ್ ಅಪೀಲಿನ ಮಹಿಮೆ.

ಕುಂಬಾರಕೊಪ್ಪಲಿನಲ್ಲಿ ಮಾವನ ಮನೆಗೂ ಪಕ್ಕದ ಮನೆಗೂ ನಡುವೆ ಒಂದು ಓಣಿ. ಓಣಿ ಅಂದರೆ ಏನೇನೋ ಕಲ್ಪಿಸಿಕೊಳ್ಳಬೇಡಿ. ನನ್ನ ಗಾತ್ರದವಳು ಹೊಕ್ಕರೆ ಎರಡೂ ತೋಳಿಗೆ ಸುಣ್ಣ, ತಿರುಗಲು ಜಾಗವಿಲ್ಲದೆ ಹಿಂದಕ್ಕೇ ನಡೆದು ಬರಬೇಕು! ಅದು ಯಾರದೆಂದು ಕೇಸಾಗಿ ಪಕ್ಕದ ಮನೆಯ ಯಜಮಾನರು ಗೆದ್ದರು. ಮಾವ ಬಿಟ್ಟಾರೆಯೇ? ಅಪೀಲು ಹಾಕಿದರು. ಅಂದಿನಿಂದ ಆ ಮನುಷ್ಯನ ಹೆಸರೇ ಅಳಿಸಿಹೋಗಿ ಬರೀ "ಎದುರು ಪಾರ್ಟಿ" ಆಗಿಬಿಟ್ಟರು.

ಒಂದು ದಿನ ಮಾವನನ್ನು ನನ್ನ ಸ್ಕೂಟರಿನಲ್ಲಿ ಕೂರಿಸಿಕೊಂಡು ವಕೀಲರ ಹತ್ತಿರ ಹೋಗಿದ್ದೆ. ವಕೀಲರು ಸುಮ್ಮನಿರಲಾರದೆ, "ಅಪೀಲು ನಡೀತಿರುವಾಗ ಎದುರು ಪಾರ್ಟಿ ತೀರಿಕೊಂಡ್ರೆ, ತೊಂಬತ್ತು ದಿನದೊಳಗೆ ಅವರ ವಾರಸುದಾರರನ್ನೆಲ್ಲ ಕೇಸಿಗೆ ಸೇರಿಸಿ ಅಂತ ನಾವು ಅರ್ಜಿ ಹಾಕ್ಬೇಕು. ಹಾಕ್ಲಿಲ್ಲ ಅನ್ನಿ, ಅಪೀಲು ತಾನಾಗೇ ಬಿದ್ದೋಗುತ್ತೆ. ಅವರ ಗೆಲುವೇ ಖಾಯಂ" ಎಂದುಬಿಟ್ಟರು.

ಮಾವನ ಮುಖ ಹುಣಸೇಹಣ್ಣು ಕಚ್ಚಿದಂತಾಯಿತು. "ಅಯ್ಯಯ್ಯೋ, ಅವನಿಗೆ ಬಿಪಿ ಅದೆ, ಶುಗರ್ ಅದೆ! ನಾಕು ಹೆಣ್ಮಕ್ಕಳು ನಾಕು ಊರಲ್ಲವ್ರೆ! ಎಲ್ಲಿ ಅಂತ ಹುಡುಕ್ಲಿ ಸಾರ್?"

ಅಂದೇ ಶುರುವಾಯಿತು ನೋಡಿ ಶತ್ರುಸಂರಕ್ಷಣೆ! ಹೆಂಡತಿ ತೀರಿಹೋಗಿ ಒಂಟಿಯಾಗಿದ್ದ ಆ ಮನುಷ್ಯನಿಗೆ ಬೆಳಗಾದರೆ ನಮ್ಮತ್ತೆ ಕೈಲಿ ಮೆಂತ್ಯದ ನೀರು ಸರಬರಾಜು. ಸಂಜೆ ಬಜ್ಜಿ ಗಾಡಿಯ ಬಳಿ ಸಿಕ್ಕಿಬಿದ್ದರಂತೂ ಬೀದಿಯಲ್ಲೇ ಪಂಚಾಯ್ತಿ.

"ನಾಚ್ಕೆ ಆಗಲ್ವೇನಯ್ಯಾ? ನೀನು ಗೊಟಕ್ ಅಂದ್ರೆ ನನ್ನ ಅಪೀಲ್ ಗತಿ ಏನು?"

"ನಿನ್ನ ಅಪೀಲಿಗೋಸ್ಕರ ನಾನು ಮೆಣಸಿನಕಾಯಿ ಬಜ್ಜಿ ಬುಡ್ಬೇಕಾ?"

"ಬುಡ್ಲೇಬೇಕು!"

ಕಿತ್ತುಕೊಂಡ ಬಜ್ಜಿಯನ್ನು ಬಿಸಾಡಲು ಮನಸ್ಸು ಬಾರದೆ ಮಾವನೇ ತಿಂದರು.

ವಾಯಿದೆಯ ದಿನ ಇಬ್ಬರೂ ಒಂದೇ ಸ್ಕೂಟರಿನಲ್ಲಿ ಕೋರ್ಟಿಗೆ! ಓಡಿಸುವುದು ಮಾವ, ಇದ್ದ ಒಂದು ಹೆಲ್ಮೆಟ್ ಹಿಂದೆ ಕೂತ ಎದುರು ಪಾರ್ಟಿಯ ತಲೆಗೆ. ಪೊಲೀಸಪ್ಪ ತಡೆದು, "ಏನ್ ಯಜಮಾನ್ರೇ, ಓಡ್ಸೋರಿಗೆ ಬೇಡ್ವಾ ಹೆಲ್ಮೆಟ್ಟು?" ಎಂದರೆ ಮಾವ ಕೊಟ್ಟ ಉತ್ತರ ಕೇಳಿ: "ನಾನು ಸತ್ರೆ ವಾರಸುದಾರರು ಮನೇಲೇ ಅವ್ರೆ ಸಾರ್. ಇವನು ಸತ್ರೆ ನಾಕು ಊರು ಸುತ್ಬೇಕು!" ದಂಡವೂ ಬಿತ್ತು, ಎದುರು ಪಾರ್ಟಿ ನಕ್ಕೂ ನಕ್ಕೂ ವಾಯಿದೆಗೆ ತಡವೂ ಆಯಿತು.

ಇದನ್ನೆಲ್ಲ ನೋಡಿ ನೋಡಿ ನಮ್ಮತ್ತೆಗೆ ರೇಗಿಹೋಯಿತು. "ನಂಗೂ ಬಿಪಿ ಅದೆ ಕಣ್ರೀ. ಮಾತ್ರೆ ನುಂಗಿದ್ಯಾ ಅಂತ ಒಂದಿನ ಕೇಳಿದ್ದುಂಟಾ? ನಿಮ್ಮ ಮೇಲೆ ನಾನೂ ಒಂದು ಕೇಸ್ ಹಾಕ್ತೀನಿ, ಆಗ್ಲಾದ್ರೂ ಚೆನ್ನಾಗಿ ನೋಡ್ಕೊಳ್ತೀರ!"

ಇಷ್ಟೆಲ್ಲ ಕಾಪಾಡಿದರೂ ಒಂದು ಬೆಳಗ್ಗೆ ಎದುರು ಪಾರ್ಟಿ ಏಳಲಿಲ್ಲ. ನಿದ್ದೆಯಲ್ಲೇ ಹೋಗಿದ್ದರು. ಮಾವ ಹೆಣದ ಮುಂದೆ ನಿಂತು, "ಹೇಳ್ದೆ ಕೇಳ್ದೆ ಹೋಗ್ಬುಟ್ಯಲ್ಲೋ!" ಎಂದು ಬೈದರು. ನಾವೆಲ್ಲ ಅಪೀಲಿನ ಚಿಂತೆ ಎಂದೇ ತಿಳಿದೆವು.

ವಕೀಲರು ಅರ್ಜಿ ಬರೆದು ಕಳಿಸಿದರು. ಓಡಾಡಿ ಹೆಣ್ಣುಮಕ್ಕಳ ವಿಳಾಸವನ್ನೆಲ್ಲ ತಂದಿದ್ದು ನಾನೇ. ಮಾವ ಮೊದಲ ಸಾಲು ಓದಿದರು, ಎದುರು ಪಾರ್ಟಿ ಮೃತಪಟ್ಟಿದ್ದಾರೆ ಎಂದಿತ್ತು. ಪೆನ್ನು ಕೆಳಗಿಟ್ಟು, "ನಾಳೆ ನೋಡಣ ಬುಡು" ಎಂದರು. ಆ ನಾಳೆ ಬರಲೇ ಇಲ್ಲ. ವಕೀಲರು ಫೋನ್ ಮಾಡಿದರೆ ಮಾವ ಸ್ನಾನದಲ್ಲಿರುತ್ತಿದ್ದರು, ದಿನಕ್ಕೆ ನಾಲ್ಕು ಸಲ!

ಗಡುವು ಇನ್ನೇನು ಮುಗಿಯಬೇಕು, ಆಗ ಹಿರಿಯ ಮಗಳು ಹುಣಸೂರಿನಿಂದ ಬಂದಳು. "ದೊಡ್ಡಪ್ಪ, ನಮಗ್ಯಾಕೆ ಕೋರ್ಟು ಕಚೇರಿ? ರಾಜಿ ಮಾಡ್ಕೊಂಬುಡಣ. ಓಣಿ ನೀವೇ ಇಟ್ಕೊಳಿ" ಎಂದಳು.

ಗೆದ್ದೆವಲ್ಲ ಎಂದು ನಾನು ಕುಣಿಯುವುದೊಂದು ಬಾಕಿ! ಮಾವ ಸಿಡಿದೆದ್ದರು.

"ನಿಮ್ಮಪ್ಪ ಗೆದ್ದಿದ್ದು ಕಣವ್ವ ಅದು! ಸತ್ತ ಮೇಲೆ ಅವನನ್ನ ಸೋಲಿಸ್ತೀಯಾ? ನಾನು ಅರ್ಜಿ ಹಾಕಲ್ಲ, ರಾಜಿಗೂ ಬರಲ್ಲ. ಅಪೀಲು ಬಿದ್ದೋಗ್ಲಿ. ಅವನು ಗೆದ್ದಂಗೇ ಇರ್ಲಿ."

ಆಮೇಲೆ ಅಲ್ಲೇ ಕೂತುಬಿಟ್ಟರು. "ಅವನೇ ಇಲ್ಲ. ಆ ಓಣಿ ತಕ್ಕೊಂಡು ನಾನೆಲ್ಲಿಗೆ ಹೋಗ್ಲವ್ವಾ?"

ಹೇಳಿ ಮಾವ ಚಿಕ್ಕ ಮಗುವಿನ ಹಾಗೆ ಬಿಕ್ಕಿದರು. ನಮ್ಮತ್ತೆ ಬಂದು ಪಕ್ಕದಲ್ಲಿ ಕೂತರು.