ಹೆಲಿಕಾಪ್ಟರೂ ಬಾಣಂತಿ ನೀರೂ

ಗೋಣಿಬೀಡಿನ ಗಿರಿಜಾಂಬಾ ಅವರ ಮನೆಯಲ್ಲಿ ಆಗ ಹಸಿ ಬಾಣಂತಿ ಇರದೇ ಹೋಗಿದ್ದರೆ ಮಂತ್ರಿಗಳ ಹೆಲಿಕಾಪ್ಟರ್ ಇಳಿಯಬೇಕಾದಲ್ಲೇ ಇಳಿಯುತ್ತಿತ್ತು ಎಂದು ಗ್ರಾಮ ಲೆಕ್ಕಿಗ ದಾಮೋದರ ಇವತ್ತಿಗೂ ಸಿಟ್ಟಿನಿಂದ ಹೇಳುತ್ತಾನೆ. ಗಿರಿಜಾಂಬಾ ಅವರ ಅಭಿಪ್ರಾಯ ಬೇರೆ. ಹೆಲಿಕಾಪ್ಟರಿನ ಅಭಿಪ್ರಾಯ ಯಾರೂ ಕೇಳಲಿಲ್ಲ.

ಅದು ತೊಂಬತ್ತೆಂಟರ ಕಾಫಿ ಕೊಯ್ಲಿನ ಕಾಲ. ದಾಮೋದರನ ಹೆಂಡತಿ ಭಾಗೀರಥಿ ಚಿಕ್ಕಮಗಳೂರಿನಲ್ಲಿ ಟೀಚರ್. ಮದುವೆಯಾದಾಗಿನಿಂದ ಅವರ ಸಂಸಾರವೆಲ್ಲ ಭಾನುವಾರಗಳಲ್ಲೇ ನಡೆದಿತ್ತು. ಅದರಲ್ಲೂ ಅರ್ಧ ಬಸ್ಸಿನಲ್ಲಿ. ವರ್ಗಾವಣೆಗಾಗಿ ಅವನು ಕಂಡವರ ಕಾಲಿಗೆಲ್ಲ ಬಿದ್ದ ಮೇಲೆ ಮೂಡಿಗೆರೆಯ ತಹಶೀಲ್ದಾರ್ ದೇವರಾಜರು ಒಂದು ಭರವಸೆ ಕೊಟ್ಟಿದ್ದರು. ಬೆಳೆಗಾರರ ಸಭೆಗೆ ಬರುವ ಮಂತ್ರಿಗಳು ಶಾಲೆ ಮೈದಾನದಲ್ಲಿ ಸುಸೂತ್ರವಾಗಿ ಇಳಿದರೆ ಅವತ್ತು ಸಂಜೆಯೇ ಚಿಕ್ಕಮಗಳೂರಿಗೆ ಶಿಫಾರಸು.

ಸುಸೂತ್ರದ ಉಸ್ತುವಾರಿಗೆ ಬೆಂಗಳೂರಿನಿಂದ ಚಂದ್ರಶೇಖರಪ್ಪನವರು ಬಂದಿದ್ದರು. ವಿಮಾನ ನಿಲ್ದಾಣದ ಗೋಪುರದಲ್ಲಿ ಕೂತು ಸರ್ವಿಸ್ ಪೂರ್ತಿ ವಿಮಾನ ಇಳಿಸಿ ಏರಿಸಿ, ನಿವೃತ್ತಿಯ ಮೇಲೆ ಮನುಷ್ಯರ ತಪ್ಪನ್ನು ಅಳೆಯುವ ವಿದ್ಯೆ ಹಿಡಿದವರು. ಡೈರಿಯವರು ಹಾಲಿಗೆ ಲ್ಯಾಕ್ಟೋಮೀಟರ್ ಅದ್ದಿದಂತೆ, ಎದುರು ನಿಂತವನನ್ನು ಒಮ್ಮೆ ದಿಟ್ಟಿಸಿ ಇವನಲ್ಲಿ ಎಷ್ಟು ತಪ್ಪು ಬೆರೆತಿದೆ ಎಂದು ಹೇಳುತ್ತಿದ್ದರು. ಯಂತ್ರ ಕೆಡುವುದು ಅಪರೂಪ, ಕೆಡುವವನು ಮನುಷ್ಯ ಎಂಬುದು ಅವರ ಸಿದ್ಧಾಂತ. ಅದಕ್ಕೆ ಮದ್ದೂ ಅವರಲ್ಲೇ ಇತ್ತು. ಹೇಳಿದ್ದನ್ನು ಕೇಳಿಸಿಕೊಂಡವನು ಹಾಗೆಯೇ ತಿರುಗಿ ಒಪ್ಪಿಸಬೇಕು, ಹೇಳಿದವನು ‘ಸರಿ’ ಅನ್ನಬೇಕು, ಆಮೇಲೇ ಕೆಲಸ.

ಗುಡ್ಡಗಳ ನಡುವೆ ಮೈದಾನ ಎಲ್ಲಿದೆ, ಗಾಳಿ ಯಾವ ಕಡೆಗಿದೆ ಎಂದು ಪೈಲಟ್ಟಿಗೆ ತೋರಿಸಲು ಹಸಿ ಹುಲ್ಲಿನ ಹೊಗೆ ಹಾಕಬೇಕಿತ್ತು. ಆ ಕೆಲಸ ದಾಮೋದರನದು. ಜೊತೆಗೆ ಗ್ರಾಮ ಸಹಾಯಕ ರೇವಣ್ಣ.

“ರೇವಣ್ಣ, ಸೀಮೆಎಣ್ಣೆ ತಂದ್ಯಾ?”

“ರೇವಣ್ಣ, ಸೀಮೆಎಣ್ಣೆ ತಂದ್ಯಾ,” ಎಂದು ರೇವಣ್ಣ ಒಪ್ಪಿಸಿದ.

“ನಾನು ಕೇಳ್ತಿರೋದು, ಮಾರಾಯ.”

“ನಾನು ಕೇಳ್ತಿರೋದು, ಮಾರಾಯ.”

ಚಂದ್ರಶೇಖರಪ್ಪನವರು ‘ಸರಿ’ ಎಂದು ತಲೆದೂಗಿದರು. ಸೀಮೆಎಣ್ಣೆ ಮಾತ್ರ ಬಂದಿರಲಿಲ್ಲ.

ಅದನ್ನು ತರಿಸುವಷ್ಟರಲ್ಲಿ ಅವರ ಕಣ್ಣು ಮೈದಾನದ ಅಂಚಿಗೆ ಹೋಯಿತು. ಗಿರಿಜಾಂಬಾ ಅವರ ಬಚ್ಚಲೊಲೆಯಿಂದ ಹೊಗೆ ಏಳುತ್ತಿತ್ತು. ಎರಡು ಹೊಗೆ ಕಂಡರೆ ಪೈಲಟ್ ತಪ್ಪುತ್ತಾನೆ, ಆ ತಪ್ಪು ನಿಮ್ಮ ಲೆಕ್ಕಕ್ಕೇ ಎಂದು ದಾಮೋದರನಿಗೆ ಎಚ್ಚರಿಸಿದರು. ಅವನು ಓಡಿದ.

ಒಲೆ ಆರಿಸಬೇಕು ಎಂದದ್ದೇ ತಡ, ಗಿರಿಜಾಂಬಾ ಸೆರಗು ಸಿಕ್ಕಿಸಿಕೊಂಡು ಬಚ್ಚಲ ಬಾಗಿಲಿಗೇ ಬಂದು ನಿಂತರು.

“ನಿಮ್ ಮಂತ್ರಿ ಹೆತ್ತಿದಾರಾ? ಹೆತ್ತಿದ್ರೆ ಹೇಳಿ, ಅವ್ರಿಗೂ ಒಂದ್ ಹಂಡೆ ಕಾಯಿಸ್ತೀನಿ. ಇಲ್ದಿದ್ರೆ ನಮ್ ಒಲೆ ತಂಟೆಗೆ ಬರ್ಬೇಡಿ.”

ಅಕ್ಕಪಕ್ಕದವರು ಸೇರಿದರು. ಬಾಣಂತಿ ನೀರು ತಪ್ಪಿಸಿದರೆ ಸರ್ಕಾರಕ್ಕೆ ಒಳ್ಳೆಯದಾಗುವುದಿಲ್ಲ ಎಂದರು ಒಬ್ಬರು. ಹೆಲಿಕಾಪ್ಟರನ್ನೇ ಸ್ವಲ್ಪ ಆ ಕಡೆ ಇಳಿಸಿದರೆ ಗಂಟೇನು ಹೋಗುತ್ತದೆ ಎಂದರು ಇನ್ನೊಬ್ಬರು. ಕೊನೆಗೆ ಬೇರೆ ಕಡೆಯಿಂದ ಬಿಸಿನೀರು ತರಿಸಿಕೊಡುವುದೆಂದು ರಾಜಿಯಾಗಿ ಒಲೆ ಆರಿತು.

ದಾಮೋದರ ಏದುಸಿರು ಬಿಡುತ್ತ ದಿಬ್ಬದಾಚೆಯ ಎಸ್ಟೇಟಿಗೆ ಹೋಗಿ ಮಾಲೀಕ ಗಂಗಾಧರಪ್ಪನವರ ಮುಂದೆ ಕೈಮುಗಿದ. ದೊಡ್ಡ ಮನಸ್ಸಿನ ಮನುಷ್ಯ. ಬಾಣಂತಿಗೆ ಅಂದ ಮೇಲೆ ಒಂದು ಹಂಡೆ ಯಾವ ಲೆಕ್ಕ, ಮದುವೆ ಕೊಪ್ಪರಿಗೆಯನ್ನೇ ಇಡಿಸೋಣ, ಜೀಪಿನಲ್ಲಿ ಕಳಿಸುತ್ತೇನೆ ಎಂದರು. ಕಾಫಿ ಒಣಗಿಸುವ ಕಣದ ಪಕ್ಕದಲ್ಲೇ ಮೂರು ಕಲ್ಲು ಬಿತ್ತು, ಕೊಪ್ಪರಿಗೆ ಕೂತಿತು. ಆಳುಗಳು ಆಗಷ್ಟೇ ಸವರಿದ್ದ ಹಸಿ ಸಿಲ್ವರ್ ಓಕ್ ಕೊಂಬೆಗಳನ್ನು ಕೆಳಗೆ ತುರುಕಿದರು. ಒಂದು ಒಲೆ ಆರಿತಲ್ಲ ಎಂಬ ನೆಮ್ಮದಿಯಲ್ಲಿ ದಾಮೋದರ ಮೈದಾನಕ್ಕೆ ವಾಪಸು ಓಡಿದ. ಹಿಂತಿರುಗಿ ನೋಡಲಿಲ್ಲ.

ಆಕಾಶದಲ್ಲಿ ಸದ್ದು ಕೇಳಿಸಿತು. ಅವನು ಬೆಂಕಿಪೊಟ್ಟಣ ತೆಗೆದು, ಹಚ್ಚಲಾ ಎಂದು ಕೇಳಿದ. ಕೇಳಬಾರದು, ನಾನು ಹೇಳಬೇಕು, ನೀವು ಒಪ್ಪಿಸಬೇಕು ಎಂದರು ಚಂದ್ರಶೇಖರಪ್ಪ.

“ಹುಲ್ಲಿಗೆ ಬೆಂಕಿ ಹಚ್ಚಿ.”

“ಹಚ್ತೀನಿ ಸರ್.”

“ಪೂರ್ತಿ ಒಪ್ಪಿಸಿ.”

“ಹುಲ್ಲಿಗೆ ಬೆಂಕಿ ಹಚ್ಚಿ,” ಎಂದು ಅವನು ಒಪ್ಪಿಸುವಷ್ಟರಲ್ಲಿ ಹೆಲಿಕಾಪ್ಟರ್ ಅವರ ತಲೆಯ ಮೇಲಿಂದಲೇ ಹಾದು ಹೋಯಿತು. ದಿಬ್ಬದಾಚೆ ಗರುಡಗಂಬದಂತೆ ನೆಟ್ಟಗೆ ಎದ್ದಿದ್ದ ಹೊಗೆಯ ಬಳಿ ಗಂಭೀರವಾಗಿ ಇಳಿಯಿತು. ಕಣದಲ್ಲಿ ಹರವಿದ್ದ ಕಾಫಿ ಬೀಜವಷ್ಟೂ ಮೇಲೆದ್ದು, ಕೆಳಗಿಳಿದ ಮಂತ್ರಿಗಳ ಮೇಲೆ ಅಕ್ಷತೆಯಂತೆ ಬಿತ್ತು.

ದಾಮೋದರ ಚಂದ್ರಶೇಖರಪ್ಪನವರೊಂದಿಗೆ ಅಲ್ಲಿಗೆ ಮುಟ್ಟುವ ಹೊತ್ತಿಗೆ ಮಂತ್ರಿಗಳು ಸಭೆಗೆ ಹೊರಟುಹೋಗಿದ್ದರು. ರೆಕ್ಕೆ ನಿಲ್ಲುವ ಮೊದಲೇ ಜೀಪಿನಲ್ಲಿ ಬಂದು ಮುಟ್ಟಿದ್ದ ದೇವರಾಜರು ಕಾಲರಿನೊಳಗಿಂದ ಕಾಫಿ ಬೀಜ ತೆಗೆಯುತ್ತ ಕಾಯುತ್ತಿದ್ದರು. ಹೆಲಿಪ್ಯಾಡಿನಲ್ಲಿ ನೀವು ಯಾಕೆ ಇರಲಿಲ್ಲ ಎಂಬುದೇ ಅವರ ಮೊದಲ ಪ್ರಶ್ನೆ.

“ನಾನು ಮೈದಾನದಲ್ಲೇ ಇದ್ದೆ ಸರ್. ತಪ್ಪಿದ್ದು ಹೆಲಿಕಾಪ್ಟ್ರು.”

“ಮಂತ್ರಿಗಳು ಎಲ್ಲಾದ್ರೂ ತಪ್ಪು ಜಾಗದಲ್ಲಿ ಇಳೀತಾರೇನ್ರೀ? ಅವ್ರು ಇಳಿದಿದ್ದೇ ಹೆಲಿಪ್ಯಾಡು. ಅಲ್ಲಿ ನೀವಿರ್ಲಿಲ್ಲ.”

ದಾಮೋದರನಿಗೆ ಮೈಯೆಲ್ಲ ಉರಿಯಿತು. ಒಲೆ ಆರಿಸು ಅಂದವರು ಯಾರು, ಕಡ್ಡಿ ಗೀರಲು ಬಿಡದೆ ಗಿಣಿಪಾಠ ಮಾಡಿಸಿದವರು ಯಾರು, ಬೆಳಗಿನಿಂದ ಎರಡು ಕಡೆ ಓಡಿದ ನಾನು ಯಾವ ತಪ್ಪು ಮಾಡಿದೆ ಎಂದು, ಏಳು ಜನ್ಮದಲ್ಲಿ ಯಾವ ಗ್ರಾಮ ಲೆಕ್ಕಿಗನೂ ತಹಶೀಲ್ದಾರರ ಎದುರು ಆಡದ ಮಾತೆಲ್ಲ ಆಡಿದ. ದೇವರಾಜರ ಮುಖ ಹಣ್ಣು ಕಾಫಿಯ ಬಣ್ಣಕ್ಕೆ ತಿರುಗಿತು.

“ಬಾಯ್ಮುಚ್ರಿ. ನಾಳೆನೇ ನಿಮ್ಮನ್ನ ಈ ಊರಿಂದ ಎತ್ಸಿ ಚಿಕ್ಕಮಗಳೂರಿನ ರೆಕಾರ್ಡ್ ರೂಮಿಗೆ ಹಾಕಿಸ್ತೀನಿ. ಗೆದ್ದಲು ಎಣಿಸ್ಕೊಂಡು ಬಿದ್ದಿರಿ ಅಲ್ಲಿ.”

ಉಕ್ಕುತ್ತಿದ್ದ ಹಾಲಿಗೆ ನೀರು ಚಿಮುಕಿಸಿದಂತೆ ದಾಮೋದರನ ಸಿಟ್ಟು ತಳಕ್ಕಿಳಿಯಿತು. ಗೆದ್ದಲಿದ್ದರೇನು, ಸಂಜೆ ಬಾಗಿಲು ತೆಗೆಯಲು ಭಾಗೀರಥಿ ಇರುತ್ತಾಳೆ. ಅವನು ಎರಡೂ ಕೈ ಜೋಡಿಸಿದ.

“ತಪ್ಪೆಲ್ಲ ನಂದೇ ಸರ್. ಕೊಪ್ಪರಿಗೆ ಇಡ್ಸಿದ್ದೂ ನಾನೇ, ಈ ಹೊಗೆಗೂ ನಾನೇ ಕಾರಣ. ಬೇರೆ ಯಾರದ್ದೂ ಏನೂ ಇಲ್ಲ.”

ದೇವರಾಜರು ಜೇಬಿನಿಂದ ಪೆನ್ನು ತೆಗೆದರು. ಆ ಕೈಯನ್ನು ಚಂದ್ರಶೇಖರಪ್ಪನವರು ಗಪ್ಪನೆ ಹಿಡಿದುಕೊಂಡರು. ಅವರ ಕಣ್ಣಲ್ಲಿ ನೀರಿತ್ತು.

“ಇಂಥವ್ರೊಬ್ರನ್ನ ನೋಡೋಕೆ ಇಷ್ಟು ವರ್ಷ ಕಾದೆ ತಹಶೀಲ್ದಾರ್ರೇ. ತಾನಾಗಿ ತಪ್ಪು ಒಪ್ಕೊಂಡವನಿಗೆ ಶಿಕ್ಷೆ ಕೊಡಬಾರದು, ನಮ್ಮ ಶಾಸ್ತ್ರದ ಮೊದಲ್ನೇ ಸೂತ್ರ ಇದು. ಕೊಟ್ರೆ ನಾಳೆ ಇನ್ಯಾರೂ ಬಾಯಿ ಬಿಡಲ್ಲ. ಇವ್ರು ಇದೇ ಊರಲ್ಲಿ, ಇದೇ ಕೆಲಸದಲ್ಲೇ ಇರ್ಬೇಕು.”

“ಬೇಡ ಸರ್, ನಂಗೆ ಶಿಕ್ಷೆ ಕೊಡಿ,” ಎಂದು ದಾಮೋದರ ಅವರ ಕಾಲು ಹಿಡಿದ.

“ನೋಡಿದ್ರಾ, ಎಂಥಾ ಮನುಷ್ಯ,” ಎಂದು ಚಂದ್ರಶೇಖರಪ್ಪನವರು ಅವನನ್ನು ಎತ್ತಿ ಅಪ್ಪಿಕೊಂಡರು.

ದೇವರಾಜರ ಕಲ್ಲುಮನಸ್ಸೂ ಕರಗಿತು. ಪೆನ್ನನ್ನು ಮತ್ತೆ ಜೇಬಿಗೆ ಸಿಕ್ಕಿಸಿ, ತಾವು ಮೂಡಿಗೆರೆಯಲ್ಲಿ ಇರುವಷ್ಟು ಕಾಲ ದಾಮೋದರನನ್ನು ಗೋಣಿಬೀಡಿನಿಂದ ಯಾರೂ ಅಲುಗಿಸದಂತೆ ನೋಡಿಕೊಳ್ಳುವುದಾಗಿ ಎಲ್ಲರ ಎದುರು ಘೋಷಿಸಿದರು.