ಹಳೆಯ ಮಿತ್ರನ ಪಟ್ಟ ಹಿಂದಕ್ಕೆ ತೆಗೆದುಕೊಳ್ಳಿ, ಒಂದು ಕಾರ್ಡ್ ಕೊಡಿ

ಚೀನಾ ದೇಶದ ತಮ್ಮ ನಗರದ ವಿದೇಶಿ ಮಿತ್ರರ ಕಚೇರಿಯ ಮಹಾನಿರ್ದೇಶಕರ ಸನ್ನಿಧಾನಕ್ಕೆ, ಬೆಂಗಳೂರು ಪೀಣ್ಯದ ಗದಿಗೆಪ್ಪ ಎರಡೂ ಕೈ ಜೋಡಿಸಿ ಬರೆದುಕೊಳ್ಳುವ ಬಹಿರಂಗ ಪತ್ರ.

ಮಾನ್ಯರೇ,

ನನ್ನನ್ನು ಬರೆಯಲು ಕೂರಿಸಿದ್ದಕ್ಕೇ ನಿಮ್ಮ ಮೇಲೆ ಮೊದಲ ಸಿಟ್ಟು. ನಾಲ್ಕನೇ ಇಯತ್ತೆಗೆ ಶಾಲೆ ಬಿಟ್ಟವನು ನಾನು. ಸ್ಪ್ಯಾನರ್ ಹಿಡಿದ ಕೈಯಲ್ಲಿ ಪೆನ್ನು ನಿಲ್ಲುವುದಿಲ್ಲ. ಫೋನಿನಲ್ಲೇ ಎರಡು ಮಾತು ಬೈದು ಮುಗಿಸುತ್ತಿದ್ದೆ, ಆದರೆ ತಮ್ಮ ಫೋನಿನಲ್ಲಿ ಹಾಡು ಬರುತ್ತದೆಯೇ ಹೊರತು ಮನುಷ್ಯರು ಬರುವುದಿಲ್ಲ. "ಮಾವ, ಬೈಯೋದೇನಿದ್ರೂ ಬರ್ದು ಕೊಡಿ, ನಾನು ಇಂಗ್ಲಿಷ್ ಮಾಡಿ ಕಳಿಸ್ತೀನಿ" ಎಂದು ಸೊಸೆ ಹೇಮಲತಾ ಹಾಳೆ ತಂದಿಟ್ಟಳು.

ಪದ್ಧತಿಯಂತೆ "ಇತ್ತ ನಾವೆಲ್ಲರೂ ಕ್ಷೇಮ" ಎಂದು ಶುರು ಮಾಡಬೇಕು. ಮಾಡುವುದಿಲ್ಲ. ಮೊದಲ ಪತ್ರದಲ್ಲಿ ಹಾಗೆ ಬರೆದೇ ಕೆಟ್ಟೆ. ನಮ್ಮ ಮಾಸ್ತರರು ಕಲಿಸಿದ್ದು ಅದೊಂದೇ ಪತ್ರ. ಮನೆಗೆ ಬೆಂಕಿ ಬಿದ್ದರೂ ಮೊದಲು ಕ್ಷೇಮ, ಆಮೇಲೆ ಬೆಂಕಿ. ಕುಕ್ಕರಿನ ಹಿಡಿ ಮಾಡುವ ತಮ್ಮೂರಿನ ಯಂತ್ರದ ಎಲೆಕ್ಟ್ರಾನಿಕ್ ಕಂಟ್ರೋಲ್ ಕಾರ್ಡ್ ಸುಟ್ಟಿದೆ, ಕೆಲಸ ನಿಂತಿದೆ, ಬೇರೆ ಕಾರ್ಡ್ ಕಳಿಸಿ ಎಂದು ಕೆಳಗೆ ಸ್ಪಷ್ಟವಾಗಿ ಬರೆದಿದ್ದೆ. ತಾವು ಮೊದಲ ಸಾಲು ದಾಟಲೇ ಇಲ್ಲ. "ಮಿತ್ರ ಗದಿಗೆಪ್ಪನವರೂ ಅವರ ಯಂತ್ರವೂ ಕ್ಷೇಮವೆಂದು ತಿಳಿದು ಅಪಾರ ಹರ್ಷವಾಯಿತು" ಎಂದು ಉತ್ತರಿಸಿ, ನನ್ನ ಸಾಲನ್ನು ಯಂತ್ರ ಮಾಡಿದ ಕಂಪನಿಯ ಜಾಹೀರಾತಿಗೂ ದಾನ ಮಾಡಿದಿರಿ.

ತಮ್ಮ ಸ್ನೇಹವನ್ನು ನಾನು ಅಲ್ಲಗಳೆಯುತ್ತಿಲ್ಲ. ಹೋದ ವರ್ಷ ಆಯುಧಪೂಜೆಗೆ ಆರು ಜನರ ನಿಯೋಗ ಕಟ್ಟಿಕೊಂಡು ನನ್ನ ಶೆಡ್ಡಿಗೆ ದಯಮಾಡಿಸಿದಿರಿ. ನಾನು ಶಾಲು ಹೊದಿಸಿ ಮೈಸೂರು ಪೇಟ ಇಟ್ಟೆ. ತಾವು ಪೂಜೆಯ ಪುರಿ ಅಗಿಯುತ್ತಲೇ ಎದ್ದು ನಿಂತು, ನಮ್ಮಿಬ್ಬರದು ಎರಡು ಸಾವಿರ ವರ್ಷಗಳ ಸ್ನೇಹ ಎಂದಿರಿ. ಯಂತ್ರ ಬಂದು ಆಗ ಎರಡು ವಾರವಾಗಿತ್ತು. ಚಹಾ ಲೋಟ ಎತ್ತಿ, ನನಗೆ "ಚೀನೀ ಜನತೆಯ ಹಳೆಯ ಮಿತ್ರ" ಎಂಬ ಪಟ್ಟ ಕಟ್ಟಿ, ಚಿನ್ನದ ಅಕ್ಷರದ ಚೌಕಟ್ಟು ಕೊಟ್ಟಿರಿ. ಅದನ್ನು ಯಂತ್ರದ ಮೇಲೆಯೇ ತೂಗುಹಾಕಿದ್ದೆ. ಕಾರ್ಡ್ ಸುಟ್ಟಾಗ ಅದಕ್ಕೆ ಮಾತ್ರ ಏನೂ ಆಗಲಿಲ್ಲ.

ಎರಡನೇ ಪತ್ರದಲ್ಲಿ ಕ್ಷೇಮ ಬಿಟ್ಟು, "ನಿಮ್ಮ ಯಂತ್ರ ಡಬ್ಬಾ" ಎಂದಷ್ಟೇ ಬರೆದೆ. ಇದರಿಂದ ತಮ್ಮ ನಗರದ ಎಂಬತ್ತು ಲಕ್ಷ ಜನರ ಭಾವನೆಗೆ ನೋವಾಗಿದೆ ಎಂದು ತಿಳಿಸಿದಿರಿ. ಮಾನ್ಯರೇ, ಲಗ್ಗೆರೆಯ ನನ್ನ ಮನೆಯಲ್ಲಿ ಐದು ಜನರಿದ್ದಾರೆ, ಅವರ ಭಾವನೆ ಕಾಯುವಷ್ಟರಲ್ಲೇ ನನಗೆ ಸಾಕಾಗುತ್ತದೆ. ಆದರೂ ಎಂಬತ್ತು ಲಕ್ಷ ಜನರಿಗೆ ನನ್ನ ಸುದ್ದಿ ಒಂದೇ ವಾರದಲ್ಲಿ ಮುಟ್ಟಿಸಿದ ತಾವು, ಅದೇ ದಾರಿಯಲ್ಲಿ ವಾಪಸ್ ಹೋಗಿ ಯಾರ ಕಿಸೆಯಲ್ಲಾದರೂ ಒಂದು ಕಾರ್ಡ್ ಇದೆಯೇ ಎಂದು ವಿಚಾರಿಸಬೇಕಾಗಿ ವಿನಂತಿ.

ಮೂರನೇ ಪತ್ರಕ್ಕೆ ಬಿದಿರಿನ ಚಿತ್ರವೂ, ನೀರು ಕುಡಿಯುವಾಗ ಬಾವಿ ತೋಡಿದವನನ್ನು ಮರೆಯಬಾರದೆಂಬ ನುಡಿಯೂ ಬಂದವು. ನಮ್ಮ ಏರಿಯಾದಲ್ಲಿ ನೀರಿನ ಟ್ಯಾಂಕರ್ ತರುವವನನ್ನೇ ನಾವು ಮರೆಯುವುದಿಲ್ಲ. ಚಿತ್ರ ನೋಡಿ ನನ್ನ ಹೆಂಡತಿ ಲಕ್ಷ್ಮವ್ವ ಕೇಳಿದ್ದು ಇಷ್ಟೇ: "ಇಷ್ಟೊಂದು ಗೆಳೆತನ ಕವರಿನ್ಯಾಗ ಹಿಡಿಸೈತಿ, ಅಂಗೈಯಷ್ಟು ಕಾರ್ಡ್ ಹಿಡಿಸಂಗಿಲ್ಲೇನ್ರೀ?"

ಈಗ ನನ್ನ ಶತ್ರುವಿನ ವಿಷಯ. ಪಕ್ಕದ ಶೆಡ್ಡಿನ ಆಂಜಿನಪ್ಪನಿಗೂ ನನಗೂ ಹನ್ನೊಂದು ವರ್ಷದಿಂದ ಮಾತಿಲ್ಲ. ಆ ವರ್ಷದ ಆಯುಧಪೂಜೆಯ ದಿನ ಅವನು ನನ್ನ ಶಟರ್ ಮುಂದೆ ಬೂದುಗುಂಬಳಕಾಯಿ ಒಡೆದ, ನಾನು ಜಾರಿ ಬಿದ್ದೆ, ಅವನು ನಕ್ಕ. ಅವನಲ್ಲೂ ಇದೇ ಯಂತ್ರವಿದೆ. ಕೊಳ್ಳುವಾಗಲೇ ಜಗಳವಾಡಿ ಒಂದು ಕಾರ್ಡ್ ಹೆಚ್ಚಿಗೆ ಕಿತ್ತುಕೊಂಡಿದ್ದಾನೆ, ಆದ್ದರಿಂದ ಅವನಿಗೆ ಯಾವ ಪಟ್ಟವೂ ಸಿಕ್ಕಿಲ್ಲ. ನನ್ನ ಯಂತ್ರದ ಸದ್ದು ನಿಂತದ್ದು ಕೇಳಿ, ನಾನು ಬಾಯಿ ಬಿಡುವ ಮೊದಲೇ ಆ ಕಾರ್ಡನ್ನು ನನ್ನ ಮೇಜಿನ ಮೇಲೆ ಕುಕ್ಕಿದ. "ತಗೊಂಡ್ ಸಾಯಿ ಯಜಮಾನ. ಮೂವತ್ತನೇ ತಾರೀಖು ನಂಗೆ ವಾಪಸ್ ಬರ್ಬೇಕು. ಮಾತು ಗೀತು ಏನೂ ಬೇಡ ಮತ್ತೆ!"

ಮಾನ್ಯರೇ, ಈಗ ನನ್ನ ಯಂತ್ರ ಓಡುತ್ತಿರುವುದು ಅದೇ ಕಾರ್ಡಿನಿಂದ, ಕಿತ್ತು ಕೊಟ್ಟರೆ ಮತ್ತೆ ನಿಲ್ಲುತ್ತದೆ. ಈ ತಾರೀಖು ತಪ್ಪಿದರೆ ನಾನು ಅವನ ಮುಂದೆ ತಲೆ ತಗ್ಗಿಸಬೇಕು. ಆಮೇಲೆ ಅವನು ನನ್ನನ್ನು ಕ್ಷಮಿಸಿಯೂ ಬಿಡಬಹುದು. ನಂತರ ನಾವಿಬ್ಬರೂ ಗೆಳೆಯರು. ಗೆಳೆಯರಾದ ಮೇಲೆ ಏನು ಸಿಗುತ್ತದೆಂಬುದು ತಮ್ಮಿಂದ ನನಗೆ ಗೊತ್ತಾಗಿದೆ. ಆದಕಾರಣ ನನ್ನ ಹಳೆಯ ಮಿತ್ರನ ಪಟ್ಟವನ್ನು ಕಿತ್ತು, ಬೀಜಿಂಗಿನಲ್ಲಿ ಡಂಗುರ ಹೊಡೆಸಿ ನನ್ನನ್ನು ಶತ್ರುವೆಂದು ಸಾರಿ, ಶತ್ರುವಿಗೆ ಸಲ್ಲಬೇಕಾದ ಮರ್ಯಾದೆಯಲ್ಲಿ ಒಂದು ಕಾರ್ಡ್ ದಯಪಾಲಿಸಬೇಕು.

ಇನ್ನೂ ತಮ್ಮ ವಿಶ್ವಾಸಿಯೇ ಆಗಿ ಉಳಿದಿರುವ ನತದೃಷ್ಟ,
ಗದಿಗೆಪ್ಪ

ತಾ.ಕ.: ಚೌಕಟ್ಟನ್ನು ಇದರ ಜೊತೆಗೇ ವಾಪಸ್ ಕಳಿಸಿದ್ದೇನೆ. ಗಾಜು ದಾರಿಯಲ್ಲಿ ಒಡೆದದ್ದಲ್ಲ. ಚಿತ್ರ ಬೇಡ, ನುಡಿ ಬೇಡ, ಹರ್ಷ ಬೇಡ. ಕಾರ್ಡ್ ಕೊಡುತ್ತೀರೋ ಇಲ್ಲವೋ, ಇಪ್ಪತ್ತೆಂಟನೇ ತಾರೀಖಿನೊಳಗೆ ಉತ್ತರ ಬರಬೇಕು.